ಜಪಾನಿನ ಚಹಾ ಕೋಣೆಗೆ ಅತಿಥಿಯಾಗಿ ಹೋಗುವ ಮುನ್ನ

ಪ್ರಶ್ನೆ: ನವೆಂಬರ್ ಎರಡನೇ ವಾರ ನಾನು, ನನ್ನ ಗಂಡ ಮತ್ತು ಅಮ್ಮ ಜಪಾನಿಗೆ ಹೊರಟಿದ್ದೇವೆ. ಕ್ಯೋಟೋದಲ್ಲಿ ನಾಲ್ಕು ದಿನ ಇರುತ್ತೇವೆ. ಅಲ್ಲಿನ ಟೀ ಸೆರೆಮನಿ ನೋಡಬೇಕು ಅಂತ ಬಹಳ ದಿನದ ಆಸೆ. ಆದರೆ ಪ್ರವಾಸಿಗರಿಗೆ ಅಂತಲೇ ಮಾಡುವ ಶೋ ಬೇಡ, ನಿಜವಾದದ್ದು ಬೇಕು. ಅಮ್ಮನಿಗೆ ಮಂಡಿ ನೋವು, ನೆಲದ ಮೇಲೆ ಕೂರುವುದು ಕಷ್ಟ. ನಾವು ಸಸ್ಯಾಹಾರಿಗಳು, ಮೊಟ್ಟೆಯನ್ನೂ ತಿನ್ನುವುದಿಲ್ಲ. ಎಲ್ಲಿಗೆ ಹೋಗಬೇಕು? ಅಲ್ಲಿ ಹೇಗೆ ನಡೆದುಕೊಳ್ಳಬೇಕು?
– ಓದುಗರೊಬ್ಬರು, ದಾವಣಗೆರೆ

ಉತ್ತರ: ಅಮ್ಮನ ಮಂಡಿ ನೋವಿನಿಂದಲೇ ಶುರು ಮಾಡುತ್ತೇನೆ. ಯಾಕಂದ್ರೆ ‘ನಿಜವಾದದ್ದು ಯಾವುದು’ ಅನ್ನುವ ನಿಮ್ಮ ಪ್ರಶ್ನೆಗೂ ಅರ್ಧ ಉತ್ತರ ಅಲ್ಲೇ ಸಿಗುತ್ತದೆ.

ಚಹಾ ಕೋಣೆಯಲ್ಲಿ ಕೂರುವ ಭಂಗಿಗೆ ಸೇಝಾ ಅನ್ನುತ್ತಾರೆ. ಹೆಚ್ಚುಕಮ್ಮಿ ನಮ್ಮ ವಜ್ರಾಸನವೇ. ದಿನಾ ಯೋಗ ಮಾಡುವವರಿಗೂ ಇಪ್ಪತ್ತು ನಿಮಿಷ ಕಳೆಯುವಷ್ಟರಲ್ಲಿ ಕಾಲು ಜೋಮು ಹಿಡಿಯುತ್ತದೆ. ಮಂಡಿ ನೋವಿದ್ದವರು ಅದಕ್ಕೆ ಕೈ ಹಾಕುವುದೇ ಬೇಡ. ಇದಕ್ಕೆ ಜಪಾನಿನವರೇ ಬಹಳ ಹಿಂದೆ ದಾರಿ ಮಾಡಿಟ್ಟಿದ್ದಾರೆ. 1872ರಲ್ಲಿ ಕ್ಯೋಟೋದಲ್ಲಿ ದೊಡ್ಡ ವಸ್ತುಪ್ರದರ್ಶನ ನಡೆಯಿತು, ವಿದೇಶಿಯರು ಬರುವವರಿದ್ದರು. ಆಗ ಉರಾಸೆಂಕೆ ಅನ್ನುವ ಚಹಾ ಗುರುಗಳ ಮನೆತನದ 11ನೇ ಯಜಮಾನ ಗೆಂಗೆನ್‌ಸಾಯ್ ಅವರು ಮೇಜು, ಸ್ಟೂಲು ಇಟ್ಟು ಚಹಾ ಮಾಡುವ ಹೊಸ ಕ್ರಮ ರೂಪಿಸಿದರು. ಅದರ ಹೆಸರು ರ‍್ಯೂರೇ. ಇವತ್ತು ಜಪಾನಿನ ಹಿರಿಯರೇ ಎಷ್ಟೋ ಜನ ಹೀಗೆ ಕೂತು ಕುಡಿಯುತ್ತಾರೆ. ಆದ್ದರಿಂದ ಕುರ್ಚಿ ಮೇಲೆ ಕೂತ ಮಾತ್ರಕ್ಕೆ ಅಮ್ಮನಿಗೆ ‘ಡೂಪ್ಲಿಕೇಟ್’ ಸಿಕ್ಕಿತು ಅಂದುಕೊಳ್ಳಬೇಡಿ. ಬುಕ್ ಮಾಡುವಾಗಲೇ ‘ಮೂವರಲ್ಲಿ ಒಬ್ಬರಿಗೆ ಕುರ್ಚಿ ಬೇಕು’ ಅಂತ ತಿಳಿಸಿ. ತತಾಮಿ ಚಾಪೆಯ ಮೇಲೇ ಇಡಲು ಪುಟ್ಟ ಸ್ಟೂಲು ಕೊಡುವ ಜಾಗಗಳೂ ಇವೆ. ನಿಮ್ಮ ಯಜಮಾನರಿಗೆ ಸೇಝಾ ಆಗದಿದ್ದರೆ ‘ಕಾಲು ಮಡಚಿ ಕೂರಬಹುದಾ’ ಅಂತ ಕೇಳಿ, ಚಕ್ಕಳಮಕ್ಕಳ ಹಾಕಿ ಕೂತರಾಯಿತು. ಯಾರೂ ತಪ್ಪು ತಿಳಿಯುವುದಿಲ್ಲ. ನಡುನಡುವೆ ಎದ್ದು ಓಡಾಡುವುದು ಮಾತ್ರ ಬೇಡ.

ಈಗ ‘ಶೋ ಬೇಡ’ ಅನ್ನುವ ಮಾತು. ಪೂರ್ಣ ರೂಪದ ಚಹಾ ಕೂಟಕ್ಕೆ ಚಾಜಿ ಅಂತ ಹೆಸರು. ಸುಮಾರು ನಾಲ್ಕು ಗಂಟೆ ಹಿಡಿಯುತ್ತದೆ. ಅತಿಥಿಗಳು ಸಾಮಾನ್ಯವಾಗಿ ಐದು ಜನರಿಗಿಂತ ಹೆಚ್ಚಿರುವುದಿಲ್ಲ. ಇದ್ದಿಲು ಜೋಡಿಸುವುದು, ಊಟ, ಸಿಹಿ, ತೋಟದಲ್ಲಿ ವಿರಾಮ, ಕೋಯಿಚಾ ಅನ್ನುವ ಗಟ್ಟಿ ಚಹಾ, ಕೊನೆಗೆ ಉಸುಚಾ ಅನ್ನುವ ತೆಳು ಚಹಾ. ಆಹ್ವಾನ ಇದ್ದವರಷ್ಟೇ ಹೋಗುತ್ತಾರೆ. ಹೋಗುವವರೂ ವರ್ಷಗಟ್ಟಲೆ ಕಲಿತವರು. ಚಾಜಿಯಲ್ಲಿ ಅತಿಥಿಗೂ ಆತಿಥೇಯರಷ್ಟೇ ಕೆಲಸ ಇರುತ್ತದೆ. ಯಾವಾಗ ಬಗ್ಗಬೇಕು, ಏನು ಕೇಳಬೇಕು, ಯಾವ ಪಾತ್ರೆಯನ್ನು ಹೇಗೆ ಹಿಂತಿರುಗಿಸಬೇಕು ಎಲ್ಲ ಗೊತ್ತಿರಬೇಕು. ನಿಮಗೆ ಇನ್ನೂ ಎರಡು ತೊಡಕು. ಊಟದ ಸಾರಿಗೆ ಸಾಮಾನ್ಯವಾಗಿ ಒಣಮೀನಿನ ರಸವೇ ಆಧಾರ. ಕೋಯಿಚಾವನ್ನು ಒಂದೇ ಬಟ್ಟಲಿನಿಂದ ಎಲ್ಲರೂ ಒಬ್ಬರಾದ ಮೇಲೊಬ್ಬರು ಕುಡಿಯುವುದು ಹಳೇ ಕ್ರಮ. ಎಂಜಲಿನ ಲೆಕ್ಕ ಇರುವ ನಮ್ಮ ಹಿರಿಯರಿಗೆ ಅದು ಸುಲಭ ಅಲ್ಲ ಅಲ್ವಾ?

ಪ್ರವಾಸಿಗರಿಗೆ ಸಿಗುವುದು ಉಸುಚಾ ಭಾಗ. ಮುಕ್ಕಾಲು ಗಂಟೆಯಿಂದ ಒಂದು ಗಂಟೆ, ಒಬ್ಬೊಬ್ಬರಿಗೂ ಬೇರೆ ಬಟ್ಟಲು. ಇದನ್ನು ಕೀಳಾಗಿ ಕಾಣಬೇಡಿ. ಚಹಾ ಕಲಿಯುವವರು ಜೀವಮಾನವಿಡೀ ತಿದ್ದಿಕೊಳ್ಳುತ್ತಾ ಹೋಗುವುದು ಇದೇ ಉಸುಚಾ ಮಾಡುವ ಕ್ರಮವನ್ನು. ಎದುರಿಗೆ ಕೂತವರು ಹತ್ತಿಪ್ಪತ್ತು ವರ್ಷ ಕಲಿತವರಾಗಿದ್ದರೆ, ಕೋಣೆಯಲ್ಲಿ ಆರೇಳು ಜನರಷ್ಟೇ ಇದ್ದರೆ, ಅದು ನಿಜವಾದದ್ದೇ. ಹಾಳಾಗುವುದು ಬೇರೆ ಕಾರಣಕ್ಕೆ. ಬಂದವರು ಅತಿಥಿಗಳಾಗದೆ ಪ್ರೇಕ್ಷಕರಾಗಿಬಿಡುತ್ತಾರೆ. ಮೊದಲಿನಿಂದ ಕೊನೆತನಕ ಫೋನ್ ಹಿಡಿದುಕೊಂಡಿರುತ್ತಾರೆ. ನಿಮ್ಮ ಪಾಲಿನ ಕೆಲಸ ನೀವು ಮಾಡಿದರೆ ನಲವತ್ತೈದು ನಿಮಿಷದಲ್ಲೂ ಚಹಾ ಪದ್ಧತಿಯ ಜೀವಾಳ ಸಿಗುತ್ತದೆ. ಆ ಕೆಲಸ ಏನು ಅಂತ ಮುಂದೆ ಹೇಳುತ್ತೇನೆ, ಮೊದಲು ಜಾಗ ನೋಡೋಣ.

ಕ್ಯೋಟೋ ಊರೊಳಗೆ ಹಳೇ ಮರದ ಮನೆಗಳಲ್ಲಿ ನಡೆಸುವ ಖಾಸಗಿ ಕೋಣೆಗಳು ಬೇಕಾದಷ್ಟಿವೆ. ಗಿಯೋನ್, ಹಿಗಾಶಿಯಾಮಾ ಸುತ್ತ ಜಾಸ್ತಿ. ಇಂಗ್ಲಿಷಿನಲ್ಲಿ ವಿವರಿಸುತ್ತಾರೆ. ತಲೆಗೆ 3000ದಿಂದ 5000 ಯೆನ್ ಸಾಮಾನ್ಯ, ನಿಮ್ಮ ಮನೆಯವರಿಗೆ ಮಾತ್ರ ಅಂದರೆ ಇನ್ನೂ ಹೆಚ್ಚು. ಆಯ್ಕೆ ಮಾಡುವಾಗ ಮೂರು ವಿಷಯ ನೋಡಿ: ಒಂದು ಗುಂಪಿಗೆ ಎಷ್ಟು ಜನ, ಚಹಾ ಮಾಡುವವರು ಯಾವ ಪರಂಪರೆಯಲ್ಲಿ ಕಲಿತವರು, ಕುರ್ಚಿ ಇದೆಯಾ. ಕಿಮೊನೊ ಬಾಡಿಗೆ ಜೊತೆಗೆ ಕೊಡುವ ಪ್ಯಾಕೇಜ್ ಇರುತ್ತದೆ. ನನ್ನ ಅಭಿಪ್ರಾಯದಲ್ಲಿ ಮೊದಲ ಸಲಕ್ಕೆ ಅದು ಬೇಡ. ಸೊಂಟಕ್ಕೆ ಬಿಗಿಯಾಗಿ ಪಟ್ಟಿ ಸುತ್ತಿ, ಅಭ್ಯಾಸವಿಲ್ಲದ ಭಂಗಿಯಲ್ಲಿ ಕೂತರೆ ಗಮನವೆಲ್ಲ ಉಸಿರಾಟದ ಕಡೆಗೇ ಹೋಗುತ್ತದೆ.

ನನ್ನನ್ನು ಕೇಳಿದರೆ ಒಂದು ದಿನ ಊಜಿಗೆ ಹೋಗಿ ಅನ್ನುತ್ತೇನೆ. ಕ್ಯೋಟೋ ಸ್ಟೇಷನ್ನಿನಿಂದ ಜೆಆರ್ ನಾರಾ ಲೈನ್ ರೈಲಿನಲ್ಲಿ ಅರ್ಧ ಗಂಟೆ ದಾರಿ. ಮಾಚಾ ಚಹಾಕ್ಕೆ, ಅಂದರೆ ಈ ಪದ್ಧತಿಯಲ್ಲಿ ಬಳಸುವ ಹಸಿರು ಚಹಾ ಪುಡಿಗೆ, ಜಪಾನಿನಲ್ಲೇ ಹೆಸರುವಾಸಿಯಾದ ಊರು. ಅಲ್ಲಿ ನದಿ ದಂಡೆಯಲ್ಲಿ, ಬ್ಯೋದೋಯಿನ್ ದೇವಾಲಯದ ಹತ್ತಿರ, ಊಜಿ ನಗರಸಭೆಯೇ ನಡೆಸುವ ತಾಯ್ಹೋಆನ್ ಅನ್ನುವ ಚಹಾ ಮನೆ ಇದೆ. ಊರಿನ ಚಹಾ ಗುರುಗಳು, ಅವರ ಶಿಷ್ಯರು ಸರದಿ ಮೇಲೆ ಬಂದು ಚಹಾ ಮಾಡಿಕೊಡುತ್ತಾರೆ. ಖರ್ಚು ಖಾಸಗಿ ಜಾಗಗಳಿಗಿಂತ ಬಹಳ ಕಡಿಮೆ. ಇಂಗ್ಲಿಷ್ ವಿವರಣೆ ಹೆಚ್ಚು ನಿರೀಕ್ಷಿಸಬೇಡಿ. ಅದಕ್ಕೇ ಮೊದಲು ಕ್ಯೋಟೋದಲ್ಲಿ ವಿವರಣೆ ಇರುವ ಕಡೆ ಒಂದು ಸಲ ಕೂತು, ಮಾರನೇ ದಿನ ಊಜಿಗೆ ಹೋದರೆ ನಿಮಗೆ ಎಲ್ಲ ಅರ್ಥವಾಗುತ್ತದೆ.

ಒಸಾಕಾ ಕಡೆ ಹೋಗುವುದಿದ್ದರೆ ಅದರ ದಕ್ಷಿಣಕ್ಕಿರುವ ಸಕಾಯ್ ಊರನ್ನು ಬಿಡಬೇಡಿ. ಇವತ್ತಿನ ಚಹಾ ಪದ್ಧತಿಗೆ ರೂಪ ಕೊಟ್ಟ ಸೆನ್ ನೋ ರಿಕ್ಯೂ 1522ರಲ್ಲಿ ಅಲ್ಲೇ ವ್ಯಾಪಾರಿ ಮನೆತನದಲ್ಲಿ ಹುಟ್ಟಿದ್ದು. ಆಳುವವರಿಗೇ ಚಹಾ ಗುರುವಾಗಿ, ಕೊನೆಗೆ ಆಗ ದೇಶ ಆಳುತ್ತಿದ್ದ ಹಿದೆಯೋಶಿಯ ಅಪ್ಪಣೆಯಂತೆ 1591ರಲ್ಲಿ ತನ್ನ ಪ್ರಾಣ ತಾನೇ ತೆಗೆದುಕೊಳ್ಳಬೇಕಾಯಿತು. ಅವರ ವಂಶದಿಂದ ಬಂದ ಮೂರು ಮನೆತನಗಳೇ ಉರಾಸೆಂಕೆ, ಓಮೊತೆಸೆಂಕೆ, ಮುಶಾಕೋಜಿಸೆಂಕೆ. ಸಕಾಯ್‌ನಲ್ಲಿ ರಿಕ್ಯೂ ಹೆಸರಿನ ಮ್ಯೂಸಿಯಂ ಇದೆ. ಈ ಮೂರೂ ಪರಂಪರೆಯವರು ಅಲ್ಲಿ ಚಹಾ ಮಾಡಿಕೊಡುತ್ತಾರೆ, ಅದೂ ಕುರ್ಚಿ ಮೇಲೆ ಕೂರಿಸಿ. ಅಮ್ಮನಿಗೆ ಇದಕ್ಕಿಂತ ಅನುಕೂಲದ ಜಾಗ ನನಗೆ ಹೊಳೆಯುತ್ತಿಲ್ಲ. ರಿಕ್ಯೂ ಕಟ್ಟಿಸಿದ್ದೆಂದು ಹೇಳುವ ತಾಯ್‌ಆನ್ ಚಹಾ ಕೋಣೆಯ ಮರುನಿರ್ಮಾಣವೂ ಅಲ್ಲಿದೆ. ಮೂಲ ತಾಯ್‌ಆನ್ ಇರುವುದು ಕ್ಯೋಟೋ–ಒಸಾಕಾ ನಡುವಿನ ಯಾಮಾಝಾಕಿಯ ಮ್ಯೋಕಿಆನ್ ದೇವಾಲಯದಲ್ಲಿ. ಅದನ್ನು ನೋಡಲು ಮುಂಚೆಯೇ ಅರ್ಜಿ ಹಾಕಬೇಕು. ಚಹಾ ಮಾಡುವ ಜಾಗ ಬರೀ ಎರಡು ಚಾಪೆಯಷ್ಟು. ದೇಶವನ್ನೇ ಆಳುವವನು ಅಷ್ಟು ಪುಟ್ಟ ಕೋಣೆಯಲ್ಲಿ ಮಂಡಿಗೆ ಮಂಡಿ ತಾಗುವಂತೆ ಕೂತು ಚಹಾ ಕುಡಿಯಬೇಕಿತ್ತು.

ದೇವಾಲಯಗಳಲ್ಲಿ, ತೋಟಗಳಲ್ಲಿ ಒಂದು ಬಟ್ಟಲು ಮಾಚಾ ಮತ್ತು ಒಂದು ಸಿಹಿ ಕೊಡುವುದೂ ಉಂಟು. ಟೋಕಿಯೋದ ಹಾಮಾರಿಕ್ಯೂ ತೋಟದ ಕೊಳದ ನಡುವಿನ ಚಹಾ ಮನೆ ಹಾಗೆಯೇ. ಚಹಾ ಒಳಗೆ ಮಾಡಿ ತರುತ್ತಾರೆ, ಮಾಡುವುದು ಕಾಣುವುದಿಲ್ಲ. ಹಾಯಾಗಿ ಕೂತು ತೋಟ ನೋಡಲು ಚೆನ್ನ. ಆದರೆ ಸೆರೆಮನಿ ಅಂದುಕೊಂಡು ಹೋಗಬೇಡಿ.

ನೀವು ನವೆಂಬರ್ ಆರಿಸಿಕೊಂಡಿದ್ದು ನನಗೆ ನಿಜಕ್ಕೂ ಖುಷಿ ಕೊಟ್ಟಿತು. ಚಹಾ ಕಲಿಯುವವರಿಗೆ ಹೊಸ ವರ್ಷ ಶುರುವಾಗುವುದೇ ಆಗ. ಮೇ ತಿಂಗಳಿನಿಂದ ಅಕ್ಟೋಬರ್‌ವರೆಗೆ ನೀರು ಕಾಯಿಸುವ ಒಲೆ ಚಾಪೆಯ ಮೇಲಿರುತ್ತದೆ, ಅತಿಥಿಗೆ ಸೆಕೆ ತಾಗದಂತೆ ದೂರದಲ್ಲಿ. ನವೆಂಬರ್ ಬಂತೆಂದರೆ ಅದನ್ನು ಎತ್ತಿಟ್ಟು, ನೆಲದಲ್ಲೇ ತೋಡಿದ ಚೌಕದ ಒಲೆ ತೆರೆಯುತ್ತಾರೆ. ಬೆಂಕಿ ಅತಿಥಿಗಳ ಹತ್ತಿರ ಬರುತ್ತದೆ. ಚಹಾ ಎಲೆಯ ಲೆಕ್ಕವೂ ಇದೇ. ಮಾಚಾಗೆ ಬೇಕಾದ ಗಿಡಗಳಿಗೆ ವಸಂತದಲ್ಲಿ ಇಪ್ಪತ್ತು ದಿನಕ್ಕೂ ಮೀರಿ ನೆರಳು ಕಟ್ಟುತ್ತಾರೆ. ಬಿಸಿಲು ಕಡಿಮೆಯಾದಾಗ ಎಲೆ ಕಡುಹಸಿರಾಗುತ್ತದೆ, ಒಗರು ತಗ್ಗಿ ರುಚಿ ತುಂಬುತ್ತದೆ. ಮೇ ಹೊತ್ತಿಗೆ ಕೊಯ್ದು, ಹಬೆಯಲ್ಲಿ ಬಾಡಿಸಿ, ಒಣಗಿಸಿ, ಜಾಡಿಯಲ್ಲಿ ತುಂಬಿ ಬಾಯಿ ಮುಚ್ಚಿ ಇಡುವುದು ಹಳೇ ಪದ್ಧತಿ. ಬೇಸಿಗೆ ಕಳೆದು ರುಚಿ ಪಕ್ವವಾದ ಮೇಲೆ ನವೆಂಬರ್‌ನಲ್ಲಿ ಆ ಜಾಡಿಯ ಮುದ್ರೆ ಒಡೆಯುತ್ತಾರೆ. ಆ ಎಲೆಯನ್ನು ಬೀಸುಕಲ್ಲಿನಲ್ಲಿ ಬೀಸಿದರೆ ಗಂಟೆಗೆ ಬರುವುದು ಸುಮಾರು 40 ಗ್ರಾಂ ಪುಡಿ. ಕಲ್ಲು ಜೋರಾಗಿ ತಿರುಗಿಸಿದರೆ ಬಿಸಿಗೆ ಪರಿಮಳ ಸುಟ್ಟುಹೋಗುತ್ತದೆ. ನಿಮ್ಮ ಆತಿಥೇಯರ ಹತ್ತಿರ ‘ಒಲೆ ತೆರೆದಾಯಿತಾ?’ ಅಂತ ಒಂದು ಮಾತು ಕೇಳಿ ನೋಡಿ. ಮುಖ ಅರಳುತ್ತದೆ.

ಇನ್ನು ಕೋಣೆಯೊಳಗಿನ ವಿಷಯ. ಕೆಲವು ಕಡೆ ತೋಟದಲ್ಲಿ ತಗ್ಗಿನ ಕಲ್ಲಿನ ತೊಟ್ಟಿ ಇರುತ್ತದೆ. ಬಗ್ಗಿ, ಸೌಟಿನಿಂದ ನೀರು ತೆಗೆದು ಮೊದಲು ಎಡಗೈ, ಆಮೇಲೆ ಬಲಗೈ ತೊಳೆಯಿರಿ. ಎಡ ಅಂಗೈಗೆ ನೀರು ಹಾಕಿಕೊಂಡು ಬಾಯಿ ಮುಕ್ಕಳಿಸಿ. ಹಳೇ ಮಾದರಿಯ ಕೋಣೆಯಾದರೆ ಬಾಗಿಲು ಸುಮಾರು 65 ಸೆಂಟಿಮೀಟರ್ ಚೌಕದ ಕಿಂಡಿ. ಸಮುರಾಯ್ ಆದರೂ ಕತ್ತಿಯನ್ನು ಹೊರಗಿಟ್ಟು, ತಲೆ ತಗ್ಗಿಸಿ, ಮಂಡಿಯೂರಿ ಒಳಗೆ ಬರಬೇಕಿತ್ತು. ಅಮ್ಮನಿಗೆ ಇದು ಆಗದು. ಇನ್ನೊಂದು ಎತ್ತರದ ಬಾಗಿಲು ಇದೆಯಾ ಅಂತ ಮೊದಲೇ ಕೇಳಿಟ್ಟುಕೊಳ್ಳಿ.

ಒಳಗೆ ಹೋದ ಮೇಲೆ ಚಾಪೆಗಳ ಬಟ್ಟೆಯ ಅಂಚನ್ನು ತುಳಿಯಬೇಡಿ. ಗೋಡೆಯಲ್ಲಿ ಒಂದು ಗೂಡಿನಂಥ ಜಾಗ ಇರುತ್ತದೆ. ಅದು ತೊಕೊನೋಮಾ. ಒಂದು ಬರಹದ ಸುರುಳಿ ತೂಗುಹಾಕಿ, ಹೂದಾನಿಯಲ್ಲಿ ಒಂದೋ ಎರಡೋ ಹೂ ಇಟ್ಟಿರುತ್ತಾರೆ. ಮೊದಲು ಅದರ ಮುಂದೆ ಕೂತು ಸಣ್ಣದಾಗಿ ನಮಸ್ಕರಿಸಿ, ನೋಡಿ. ಆತಿಥೇಯರು ಆ ದಿನಕ್ಕೆ ಅಂತಲೇ ಆರಿಸಿದ್ದು ಅದು. ಅದನ್ನು ನೋಡದೆ ಮುಂದೆ ಹೋದರೆ ಅವರ ಬೆಳಗ್ಗೆಯ ಕೆಲಸವನ್ನೇ ಬಿಟ್ಟುಬಿಟ್ಟ ಹಾಗೆ. ಅದರ ಮೇಲೆ ಬ್ಯಾಗ್ ಇಡುವುದು, ಒರಗಿಕೊಳ್ಳುವುದು ಖಂಡಿತ ಕೂಡದು.

ಸಿಹಿ ಮೊದಲು ಬರುತ್ತದೆ. ಚಹಾ ಬರುವ ಮುಂಚೆ ತಿಂದು ಮುಗಿಸಬೇಕು. ನಾವು ಬಿಸ್ಕೆಟ್ ಕಚ್ಚುತ್ತಾ ಟೀ ಕುಡಿಯುವ ಅಭ್ಯಾಸದವರು, ಹಾಗಾಗಿ ಇಲ್ಲೇ ಹೆಚ್ಚಿನವರು ಎಡವುತ್ತಾರೆ. ಬಾಯಲ್ಲಿ ಉಳಿದ ಸಿಹಿಯ ಮೇಲೆ ಮಾಚಾದ ಕಹಿ ಬಿದ್ದರೇ ರುಚಿ. ತಟ್ಟೆಯಲ್ಲಿ ಎಲ್ಲರಿಗೂ ಒಟ್ಟಿಗೆ ಬಂದರೆ ಪಕ್ಕದವರಿಗೆ ‘ಓಸಾಕಿನಿ’ ಅನ್ನಿ, ‘ನಿಮಗಿಂತ ಮೊದಲು ತಗೊಳ್ತೀನಿ’ ಅಂದಹಾಗೆ. ಕೊಟ್ಟ ಕಾಗದದ ಮೇಲೆ ಇಟ್ಟುಕೊಂಡು ತಿನ್ನಿ.

ಆಮೇಲೆ ಸುಮ್ನೆ ನೋಡಿ, ಕೇಳಿಸಿಕೊಳ್ಳಿ. ಆತಿಥೇಯರು ಸೊಂಟದಿಂದ ರೇಷ್ಮೆ ವಸ್ತ್ರ ತೆಗೆದು, ಮಡಚಿ, ಪುಡಿಯ ಡಬ್ಬಿ ಮತ್ತು ಬಿದಿರಿನ ಚಮಚ ಒರೆಸುತ್ತಾರೆ. ಅವು ಮೊದಲೇ ಶುದ್ಧವಾಗಿಯೇ ಇರುತ್ತವೆ. ನಿಮ್ಮ ಕಣ್ಣೆದುರು ಮತ್ತೊಮ್ಮೆ ಶುದ್ಧ ಮಾಡುವುದು ಗೌರವ. ಬಟ್ಟಲಿಗೆ ಬಿಸಿನೀರು ಹಾಕಿ, ಚಹಾ ಕಡೆಯುವ, ಪೊರಕೆಯಂಥ ಚಾಸೆನ್‌ನ ಕಡ್ಡಿಗಳನ್ನು ಅದರಲ್ಲಿ ಅದ್ದಿ, ಮುರಿದಿದೆಯಾ ಅಂತ ಎತ್ತಿ ನೋಡುತ್ತಾರೆ. ಒಂದೇ ಬಿದಿರಿನ ತುಂಡನ್ನು ನೂರರ ಆಸುಪಾಸು ಎಳೆಗಳಾಗಿ ಸೀಳಿ ಮಾಡಿದ್ದು ಅದು. ನೀರು ಚೆಲ್ಲಿ, ಬಟ್ಟಲು ಒರೆಸಿ, ಎರಡು ಚಮಚ ಪುಡಿ, ಅಂದರೆ 2 ಗ್ರಾಂನಷ್ಟು. ಸೌಟಿನಲ್ಲಿ ತೆಗೆದ ನೀರಲ್ಲಿ ಬೇಕಾದಷ್ಟೇ ಸುರಿದು ಉಳಿದದ್ದು ವಾಪಸ್ ಪಾತ್ರೆಗೆ. ಇಲ್ಲಿ ಕಿವಿ ಕೊಡಿ. ತಣ್ಣೀರು ಸುರಿಯುವಾಗ ಬರುವ ಸದ್ದು ಚುರುಕು, ಬಿಸಿನೀರಿನದು ಮೆತ್ತಗೆ. ಮಾತಿಲ್ಲದ ಕೋಣೆಯಲ್ಲಿ ಎರಡೂ ಬೇರೆಬೇರೆ ಅಂತ ಸ್ಪಷ್ಟವಾಗಿ ಕೇಳಿಸುತ್ತದೆ. ಆಮೇಲೆ ಚಾಸೆನ್ ಓಡುವ ಸದ್ದು. ಉರಾಸೆಂಕೆಯವರು ನೊರೆ ತುಂಬಾ ಎಬ್ಬಿಸುತ್ತಾರೆ. ಓಮೊತೆಸೆಂಕೆಯವರು ಕಡಿಮೆ ನೊರೆ, ನಡುವೆ ಹಸಿರು ಕಾಣುವಂತೆ ಬಿಡುತ್ತಾರೆ. ನೊರೆ ಕಡಿಮೆ ಇದ್ದರೆ ಚಹಾ ಚೆನ್ನಾಗಿಲ್ಲ ಅಂತಲ್ಲ.

ಬಟ್ಟಲು ನಿಮ್ಮ ಮುಂದೆ ಬಂದಾಗ ಪಕ್ಕದವರಿಗೆ ಮತ್ತೆ ‘ಓಸಾಕಿನಿ’. ಆತಿಥೇಯರಿಗೆ ಕೈಯೂರಿ ಬಗ್ಗಿ ‘ಓತೆಮಾಯೆ ಚೋದಾಯ್ ಇತಾಶಿಮಾಸ್’. ನೀವು ಮಾಡಿದ ಚಹಾ ಸ್ವೀಕರಿಸುತ್ತೇನೆ ಅಂತ. ನಾಲಿಗೆ ತಿರುಗದಿದ್ದರೆ ಮನಸ್ಸಿಟ್ಟು ತಲೆಬಾಗಿದರೂ ಸಾಕು. ಬಟ್ಟಲನ್ನು ಎಡ ಅಂಗೈ ಮೇಲಿಟ್ಟು ಬಲಗೈಯಲ್ಲಿ ಹಿಡಿದು, ಸ್ವಲ್ಪ ಮೇಲೆತ್ತಿ, ಗಡಿಯಾರದ ಮುಳ್ಳಿನ ದಿಕ್ಕಿಗೆ ಎರಡು ಸಲ ತಿರುಗಿಸಿ. ಬಟ್ಟಲಿನ ಅತಿ ಚೆಂದದ ಮಗ್ಗುಲನ್ನು ಆತಿಥೇಯರು ನಿಮ್ಮ ಕಡೆ ಇಟ್ಟಿರುತ್ತಾರೆ. ಆ ಮಗ್ಗುಲಿಗೆ ಬಾಯಿ ಹಚ್ಚದೆ ತಿರುಗಿಸಿಕೊಂಡು ಕುಡಿಯುವುದು ನಿಮ್ಮ ವಿನಯ. ಅವರು ಒಳ್ಳೆಯದನ್ನು ಕೊಟ್ಟರು, ನೀವು ಅದನ್ನು ಕಾಪಾಡಿದಿರಿ. ಇಡೀ ಪದ್ಧತಿಯಲ್ಲಿ ನನಗೆ ತುಂಬಾ ಇಷ್ಟವಾದ ಘಳಿಗೆ ಇದೇ.

ಮೂರ್ನಾಲ್ಕು ಗುಟುಕಲ್ಲಿ ಮುಗಿಸಿ. ಕೊನೆಯ ಗುಟುಕನ್ನು ಸೊರ್ರನೆ ಸದ್ದು ಮಾಡಿ ಎಳೆಯಬೇಕು. ಮುಗಿಯಿತು ಅಂತ ತಿಳಿಸುವ ರೀತಿ ಅದು, ಸಂಕೋಚ ಬೇಡ. ಬಾಯಿ ತಾಗಿದ ಜಾಗವನ್ನು ಹೆಬ್ಬೆರಳು, ತೋರುಬೆರಳಿನಿಂದ ಒರೆಸಿ, ಬೆರಳನ್ನು ಕಾಗದಕ್ಕೆ ಒತ್ತಿಕೊಳ್ಳಿ. ಬಟ್ಟಲನ್ನು ಮೊದಲಿನದಕ್ಕೆ ವಿರುದ್ಧ ದಿಕ್ಕಿಗೆ ತಿರುಗಿಸಿ ಕೆಳಗಿಡಿ. ಆಮೇಲೆ ನಿಧಾನವಾಗಿ ನೋಡಿ. ಎತ್ತಿ ನೋಡುವಾಗ ಮೊಣಕೈ ತೊಡೆಗೆ ಊರಿರಲಿ, ಬಟ್ಟಲು ಚಾಪೆಯ ಹತ್ತಿರವೇ ಇರಲಿ. ಕೈ ಜಾರಿದರೂ ಒಡೆಯಬಾರದು. ‘ರಾಕು ಮೊದಲು, ಹಾಗಿ ಎರಡನೆಯದು, ಕರಾತ್ಸು ಮೂರನೆಯದು’ ಅಂತ ಚಹಾ ಬಟ್ಟಲುಗಳ ಬಗ್ಗೆ ಅಲ್ಲಿ ಒಂದು ಮಾತಿದೆ. ಹಾಗಿ, ಕರಾತ್ಸು ಊರಿನ ಹೆಸರುಗಳು. ರಾಕು ಅಂದರೆ ತಿಗರಿ ಮೇಲೆ ತಿರುಗಿಸದೆ ಕೈಯಲ್ಲೇ ಅದುಮಿ ಮಾಡಿದ್ದು. ರಿಕ್ಯೂ ಕಾಲದಲ್ಲಿ ಚೋಜಿರೋ ಅನ್ನುವ ಕುಶಲಕರ್ಮಿಯಿಂದ ಶುರುವಾದದ್ದು. ‘ಈ ಬಟ್ಟಲು ಯಾವ ಊರಿನದು?’ ಅಂತ ಕೇಳಿ. ಬೆಲೆ ಎಷ್ಟು ಅಂತ ಮಾತ್ರ ಕೇಳಬೇಡಿ.

ಬಟ್ಟಲಿನ ವಿಷಯ ಬಂದಾಗ ಅಮ್ಮನ ಬಳೆ ನೆನಪಾಗುತ್ತದೆ. ಉಂಗುರ, ವಾಚು, ಬಳೆ ಬಟ್ಟಲಿಗೆ, ಅರಗಿನ ಡಬ್ಬಿಗೆ ತಾಗಿದರೆ ಗೀರು ಬೀಳುತ್ತದೆ. ಅದಕ್ಕೆ ಎಲ್ಲರೂ ತೆಗೆದಿಟ್ಟು ಬರುತ್ತಾರೆ. ಬಳೆ ತೆಗೆಯಲು ಅಮ್ಮನಿಗೆ ಮನಸ್ಸಾಗದಿದ್ದರೆ ಮೇಲಕ್ಕೆ ಸರಿಸಿ, ತೆಳು ಕರ್ಚೀಫು ಸುತ್ತಿ, ಮೇಲೆ ಸ್ವೆಟರ್ ತೋಳು ಎಳೆದುಬಿಡಿ. ತಾಳಿ ಸರ ಬಗ್ಗುವಾಗ ತೂಗಿ ಬಟ್ಟಲಿಗೆ ಬಡಿಯದಂತೆ ಒಳಗೆ ಸೇರಿಸಿಕೊಳ್ಳಲಿ. ಸೀರೆ ಒಳ್ಳೆಯದೇ. ಬಿಗಿ ಜೀನ್ಸ್‌ಗಿಂತ ಎಷ್ಟೋ ವಾಸಿ. ಸೆಂಟು ಹಾಕಬೇಡಿ, ಒಲೆಯಲ್ಲಿ ಧೂಪದ ಮೆಲುವಾದ ವಾಸನೆ ಇರುತ್ತದೆ. ಶುಭ್ರವಾದ ಬಿಳಿ ಸಾಕ್ಸ್ ಬ್ಯಾಗಿನಲ್ಲಿಟ್ಟುಕೊಂಡು ಹೋಗಿ, ಒಳಗೆ ಹೋಗುವ ಮುಂಚೆ ಹಾಕಿಕೊಳ್ಳಿ.

ಊಟ-ತಿಂಡಿಯ ಚಿಂತೆ ಅರ್ಧ ಬಿಡಬಹುದು. ಚಹಾದ ಸಿಹಿಗಳಲ್ಲಿ ಹೆಚ್ಚಿನವು ಕೆಂಪು ಅಝುಕಿ ಕಾಳಿನ ಹೂರಣ, ಸಕ್ಕರೆ, ಅಕ್ಕಿ ಹಿಟ್ಟು. ಗಟ್ಟಿಯಾಗಲು ಕಡಲ ಪಾಚಿಯಿಂದ ಮಾಡಿದ ಕಾಂತೆನ್ ಹಾಕುತ್ತಾರೆ. ಹಾಲು, ಬೆಣ್ಣೆಯೂ ಕಡಿಮೆ. ಆದರೆ ಕೇಕಿನಂಥ ಕಾಸ್ತೆಲಾ, ದೊರಾಯಾಕಿಗಳಲ್ಲಿ ಮೊಟ್ಟೆ ಇರುತ್ತದೆ, ಹೂರಣ ತುಂಬಿದ ‘ಮಾಂಜೂ’ ಅನ್ನುವ ಕೆಲವು ಸಿಹಿಗಳಲ್ಲೂ ಇರಬಹುದು. ಬುಕ್ ಮಾಡುವಾಗಲೇ ‘ಮೊಟ್ಟೆ, ಜೆಲಟಿನ್ ಇಲ್ಲದ ಸಿಹಿ’ ಅಂತ ಬರೆಯಿರಿ. ಅಲ್ಲಿ ಕೂತ ಮೇಲೆ ಹೇಳಿದರೆ ಅವರಿಗೆ ಬದಲಿ ತರಲು ಆಗುವುದಿಲ್ಲ, ಬಹಳ ನೊಂದುಕೊಳ್ಳುತ್ತಾರೆ. ಊಟಕ್ಕೆ ದೇವಾಲಯದ ಸಸ್ಯಾಹಾರಿ ಅಡುಗೆ, ಅಂದರೆ ಶೋಜಿನ್, ಹುಡುಕಿ. ಅದರಲ್ಲಿ ಸಾರಿಗೂ ‘ಕೊಂಬು’ ಅನ್ನುವ ಕಡಲ ಪಾಚಿ, ಅಣಬೆ ಬಳಸುತ್ತಾರೆ. ಅರಾಶಿಯಾಮಾದ ತೆನ್ರ್ಯೂಜಿ ದೇವಾಲಯದೊಳಗಿನ ಶಿಗೆತ್ಸು ಇದಕ್ಕೆ ಹೆಸರಾದ ಜಾಗ. ಖಾಲಿ ಹೊಟ್ಟೆಯಲ್ಲಿ ಮಾಚಾ ಬೇಡ, ಎಲೆಯನ್ನೇ ಪುಡಿ ಮಾಡಿ ಕುಡಿಯುವುದರಿಂದ ಕೆಲವರಿಗೆ ಹೊಟ್ಟೆ ತೊಳಸುತ್ತದೆ. ಅಮ್ಮನಿಗೆ ನಿದ್ದೆಯ ತೊಂದರೆ ಇದ್ದರೆ ಬೆಳಗ್ಗೆಯ ಸಮಯವನ್ನೇ ಆರಿಸಿ.

ನವೆಂಬರ್ ಮಧ್ಯದಿಂದ ಕ್ಯೋಟೋದಲ್ಲಿ ಎಲೆ ಕೆಂಪಾಗುವ ಕಾಲ, ಜನಜಂಗುಳಿ. ಒಂದೂವರೆ–ಎರಡು ತಿಂಗಳು ಮೊದಲೇ ಬುಕ್ ಮಾಡಿ. ಹತ್ತು ನಿಮಿಷ ಮುಂಚೆ ತಲುಪಿ. ಒಬ್ಬರು ತಡ ಮಾಡಿದರೂ ಎಲ್ಲರೂ ಕಾಯುತ್ತಾ ಕೂರಬೇಕಾಗುತ್ತದೆ. ಟಿಪ್ಸ್ ಕೊಡುವ ಪದ್ಧತಿ ಇಲ್ಲ. ಫೋಟೋ ಯಾವಾಗ ತೆಗೆಯಬಹುದು ಅಂತ ಶುರುವಲ್ಲೇ ಕೇಳಿಬಿಡಿ. ಹೆಚ್ಚಿನವರು ಕೊನೆಯಲ್ಲಿ ಸಮಯ ಕೊಡುತ್ತಾರೆ.

ಮನೆಗೆ ಪುಡಿ ತರುವ ಆಸೆ ಇದ್ದೇ ಇರುತ್ತದೆ. ಈಚೆಗೆ ಬೇಡಿಕೆ ವಿಪರೀತವಾಗಿ ಕ್ಯೋಟೋದ ಹಳೇ ಅಂಗಡಿಗಳು ಒಬ್ಬರಿಗೆ ಇಷ್ಟೇ ಡಬ್ಬಿ ಅಂತ ಮಿತಿ ಹಾಕಿವೆ, ಬೆಳಗ್ಗೆಯೇ ಹೋಗಿ. ಉಸುಚಾಗೆ ಯಾವುದು ಅಂತ ಕೇಳಿ ಚಿಕ್ಕ ಡಬ್ಬಿ ಕೊಳ್ಳಿ. ಅಡುಗೆಗೆ ಅಂತ ಮಾರುವ ಅಗ್ಗದ ಪುಡಿ ಹೀಗೆ ಕುಡಿಯಲು ಕಹಿ. ಚಾಸೆನ್ ಕೊಳ್ಳುವುದಾದರೆ ನಾರಾ ಪ್ರಾಂತ್ಯದ ತಾಕಾಯಾಮಾದಲ್ಲಿ ಮಾಡಿದ್ದನ್ನು ಕೇಳಿ, ಬೆಲೆ ಜಾಸ್ತಿ ಆದರೂ ಎಳೆ ಬೇಗ ಮುರಿಯುವುದಿಲ್ಲ. ಸೋಪು ಹಾಕಬೇಡಿ, ಬರೀ ಬಿಸಿನೀರಲ್ಲಿ ತೊಳೆದು ನೆರಳಲ್ಲಿ ಒಣಗಿಸಿ. ನೀರು ಕುದಿದ ಮೇಲೆ 80 ಡಿಗ್ರಿಯಷ್ಟಕ್ಕೆ ಆರಲು ಬಿಡಿ, ಪುಡಿಯನ್ನು ಜರಡಿ ಹಿಡಿಯಿರಿ, 70 ಮಿಲೀ ನೀರು ಸಾಕು. ತೆರೆದ ಡಬ್ಬಿಯನ್ನು ಗಾಳಿಯಾಡದಂತೆ ಮುಚ್ಚಿ ಫ್ರಿಜ್‌ನಲ್ಲಿಟ್ಟು ಒಂದು ತಿಂಗಳೊಳಗೆ ಮುಗಿಸಿ. ನಮ್ಮ ಸೆಕೆಗೆ ಹೊರಗಿಟ್ಟರೆ ಬಣ್ಣವೂ ಪರಿಮಳವೂ ಬೇಗ ಹೋಗಿಬಿಡುತ್ತವೆ.